ಅವ್ವನ ಅಟ್ಟದಲ್ಲಿ ತೆಗೆದ ಸಿನಿಮಾ

ಈಚೆಗೆ ಇಬ್ಬರು ಸಂಶೋಧಕರು ಬೆಂಗಳೂರಿನಿಂದ ನನ್ನನ್ನು ಹುಡುಕಿಕೊಂಡು ತಿಪಟೂರಿಗೆ ಬಂದಿದ್ದರು. ಹಳೆಯ ಪ್ರಯೋಗಾತ್ಮಕ ಕಿರುಚಿತ್ರಗಳ ಮೇಲೆ ಏನೋ ಅಧ್ಯಯನವಂತೆ. ಕಾಫಿ ಕೊಟ್ಟೆ. ಒಬ್ಬರು ಲೋಟ ಕೆಳಗಿಟ್ಟು ಬಹಳ ಭಕ್ತಿಯಿಂದ ಹೇಳಿದರು: "ಮೇಡಂ, ಕ್ರಾಂತಿಯ ನಂತರದ ಭ್ರಮನಿರಸನವನ್ನ ಆ ಅಟ್ಟದ ಚಿತ್ರದಷ್ಟು ತೀವ್ರವಾಗಿ ಹಿಡಿದದ್ದು ನಮ್ಮಲ್ಲಿ ಇನ್ನೊಂದಿಲ್ಲ. ಅದರ ಶೂಟಿಂಗ್ ಆಗಿದ್ದು ನಿಮ್ಮ ತವರುಮನೆಯಲ್ಲಂತೆ?"

"ಯಾವ ಕ್ರಾಂತಿ?" ಎಂದು ಕೇಳಿದೆ.

ಒಬ್ಬರು ಬರೆದು ತಂದಿದ್ದ ಪ್ರಶ್ನೆಗಳ ಹಾಳೆ ತಿರುವಿದರು. ಅವರ ಪ್ರಶ್ನೆಗಳಲ್ಲಿ ಬೆಳಕು, ನೆರಳು, ಮೌನ, ರೂಪಕ ಎಲ್ಲ ಇದ್ದವು. ಕ್ರಾಂತಿ ಯಾವುದು, ಎಲ್ಲಿ ನಡೆಯಿತು, ಯಾರು ಮಾಡಿದರು ಎಂಬುದು ಮಾತ್ರ ಇರಲಿಲ್ಲ. ನನಗೂ ಗೊತ್ತಿಲ್ಲ ಎಂದು ಹೇಳಿ ಕಳಿಸಿಬಿಟ್ಟೆ. ಅವರು ಹೋದ ಮೇಲೆ ತಲೆ ಕೆಟ್ಟುಹೋಯಿತು. ಇಷ್ಟು ವರ್ಷದ ಮೇಲೂ ಆ ಹತ್ತು ಹನ್ನೆರಡು ನಿಮಿಷದ ಚಿತ್ರವನ್ನು ಜನ ತಲೆ ಮೇಲೆ ಹೊತ್ತುಕೊಂಡು ಓಡಾಡುತ್ತಿದ್ದಾರೆ ಎಂದರೆ ಯಾರಿಗೆ ಸಿಟ್ಟು ಬರುವುದಿಲ್ಲ? ಅವರಿಗೆ ಹೇಳದೆ ಇದ್ದದ್ದನ್ನು ಇಲ್ಲಿ ಬರೆದಿಡುತ್ತೇನೆ.

ಆ ಚಿತ್ರ ಮಾಡಿದವನು ನನ್ನ ಗಂಡ. ತುರ್ತುಪರಿಸ್ಥಿತಿಯ ಕಾಲದಲ್ಲಿ ತುಮಕೂರಿನಲ್ಲಿ ಕಾಲೇಜು ಓದುತ್ತಿದ್ದಾಗ ಗೋಡೆಗೆ ಪೋಸ್ಟರ್ ಅಂಟಿಸಲು ಹೋಗಿ ಸಿಕ್ಕಿಬಿದ್ದು, ಕೆಲವು ವಾರ ಜೈಲಿನಲ್ಲಿದ್ದು ಬಂದವನು. ಮೈದಾಹಿಟ್ಟಿನ ಅಂಟು ತುಂಬಿದ ಬಕೆಟ್ಟು ಕೈಯಲ್ಲಿದ್ದಾಗಲೇ ಪೊಲೀಸಿನವರು ಬಂದರಂತೆ. ಈ ಬಕೆಟ್ಟಿನ ಕಥೆಯನ್ನು ಮದುವೆಗೆ ಮುಂಚೆಯೇ ನಾನು ಎಷ್ಟು ಸಲ ಕೇಳಿದ್ದೆನೋ ಲೆಕ್ಕವಿಲ್ಲ. ಹೇಳಿದ ಹಾಗೆಲ್ಲ ಅದರಲ್ಲಿ ಪೊಲೀಸಿನವರು ಹೆಚ್ಚುತ್ತಿದ್ದರು, ಬಕೆಟ್ಟು ದೊಡ್ಡದಾಗುತ್ತಿತ್ತು. ಅವನ ಗಡ್ಡಕ್ಕೆ, ಜೈಲಿಗೆ, ಆ ಬಕೆಟ್ಟಿಗೆ ನಾನು ಮರುಳಾದೆ ಎಂದು ನೇರವಾಗಿ ಹೇಳಿಬಿಡುವುದೇ ಒಳ್ಳೆಯದು. ಆಗ ನಾನು ತಿಪಟೂರಿನ ಒಂದು ಪ್ರೈಮರಿ ಸ್ಕೂಲಿನಲ್ಲಿ ಮೇಡಂ. ಸಂಜೆಯಾದರೆ ಇಂಥವರ ಸಭೆಗಳಿಗೆ ಹೋಗಿ ಕೂರುತ್ತಿದ್ದೆ. ವಾಲಗ, ಕರೆಯೋಲೆ, ಬೀಗರೂಟ ಯಾವುದೂ ಇಲ್ಲದೆ ಹಾರ ಬದಲಾಯಿಸಿ ಮದುವೆಯಾದೆವು. "ದೇಶಕ್ಕೋಸ್ಕರ ಜೈಲಿಗೋಗಿದ್ದೋರು ಕಣೇ, ಅವ್ರು ಹೇಳ್ದಂಗೇ ಆಗ್ಲಿ ಬುಡು" ಎಂದು ಅವ್ವ ಅದಕ್ಕೂ ಒಪ್ಪಿದಳು.

ಚುನಾವಣೆಯಾಗಿ ಸರ್ಕಾರ ಬದಲಾದಾಗ ಅವನೂ ಅವನ ಗೆಳೆಯರೂ ಬಸ್ ಸ್ಟ್ಯಾಂಡಿನಲ್ಲಿ ಸಿಹಿ ಹಂಚಿದ್ದರು. ಅವರ ಭಾಷೆಯಲ್ಲಿ ಅದೇ ಕ್ರಾಂತಿ. ಸ್ವಲ್ಪ ವರ್ಷಕ್ಕೆ ಆ ಸರ್ಕಾರ ಬಿದ್ದು ಹಳಬರೇ ಮತ್ತೆ ಬಂದು ಕೂತರು. ಜೊತೆಯವರೆಲ್ಲ ಒಬ್ಬೊಬ್ಬರಾಗಿ ಒಂದೊಂದು ದಾರಿ ಹಿಡಿದರು. ಒಬ್ಬ ಸೊಸೈಟಿಯ ಅಧ್ಯಕ್ಷನಾದ. ನನ್ನ ಗಂಡನಿಗೆ ತೀರ ಹತ್ತಿರದವನೊಬ್ಬ ಅಮ್ಮಸಂದ್ರದ ಕಡೆ ಸಿಮೆಂಟು ಸಾಗಿಸುವ ಲಾರಿ ಇಟ್ಟುಕೊಂಡು ಹೊಟ್ಟೆ ಬೆಳೆಸಿಕೊಂಡ. ನನ್ನ ಗಂಡನನ್ನು ಯಾರೂ ಏನಕ್ಕೂ ಕರೆಯಲಿಲ್ಲ. ಆದ್ದರಿಂದ ಅವನಿಗೆ ಭ್ರಮನಿರಸನವಾಯಿತು.

ಭ್ರಮನಿರಸನವಾದ ಮನುಷ್ಯನ ಜೊತೆ ಸಂಸಾರ ಮಾಡುವುದು ಏನೆಂದು ಆ ಸಂಶೋಧಕರಿಗೆ ಗೊತ್ತಿಲ್ಲ. ಬಿಸಿಲು ಏರಿದ ಮೇಲೆ ಏಳುತ್ತಿದ್ದ. ಕಾಫಿ ಕೈಗೆ ಬರಬೇಕು. ಸಿಗರೇಟು ಹಚ್ಚಿ ಕಿಟಕಿಯ ಹೊರಗೆ ನೋಡುತ್ತಾ ಕೂತರೆ ಊಟದ ಹೊತ್ತಿಗೇ ಏಳುವುದು. ನಲ್ಲಿಯಲ್ಲಿ ನೀರು ಬಂದಿದೆ, ಎರಡು ಕೊಡ ಹಿಡಿಯಿರಿ ಎಂದರೆ, "ಏನು ಮಾಡಿದರೂ ಏನೂ ಬದಲಾಗಲ್ಲ ಕಣೇ" ಎನ್ನುತ್ತಿದ್ದ. ನೀರು ಹಿಡಿದರೆ ಕೊಡ ತುಂಬುತ್ತದೆ, ಅಷ್ಟಾದರೂ ಬದಲಾಗುತ್ತದೆ ಎಂದು ನಾನೇ ಹೋಗಿ ಹಿಡಿದು, ಅಡುಗೆ ಮಾಡಿಟ್ಟು, ಸ್ಕೂಲಿಗೆ ಓಡುತ್ತಿದ್ದೆ. ಊರಿಗೆಲ್ಲ ನ್ಯಾಯ ಬೇಕೆಂದು ಜೈಲಿಗೆ ಹೋದವನು ಉಂಡ ತಟ್ಟೆಯನ್ನು ಎತ್ತಿಡುತ್ತಿರಲಿಲ್ಲ.

ಇನ್ನು ಅವ್ವನ ವಿಷಯ. ನಮ್ಮೂರು ನೊಣವಿನಕೆರೆಯಿಂದ ಒಳಗೆ. ಅಪ್ಪ ತೀರಿಕೊಂಡಾಗ ಅವ್ವನಿಗೆ ನಾನೊಬ್ಬಳೇ ಮಗಳು, ಗಂಡುಮಕ್ಕಳಿಲ್ಲ. ತೋಟ ಅಪ್ಪನಿಗೂ ಚಿಕ್ಕಪ್ಪನಿಗೂ ಸೇರಿದ್ದು, ಭಾಗವಾಗಿರಲಿಲ್ಲ. ಅಪ್ಪ ಇದ್ದಷ್ಟು ದಿನ ಅವರವರ ಕಡೆಯ ಮರಗಳನ್ನು ಅವರವರು ನೋಡಿಕೊಳ್ಳುತ್ತಿದ್ದರು. ಅಪ್ಪ ಹೋದ ಮೇಲೆ ಚಿಕ್ಕಪ್ಪ ಬಂದು, "ಹೆಂಗಸಿನ ಕೈಲಿ ತೋಟ ಆಗ್ತದಾ ಅತ್ಗೆ? ನಾನೇ ಎಲ್ಲಾ ನೋಡ್ಕಂತೀನಿ, ನಿಮ್ಗೆ ಉಣ್ಣಾಕೆ ಏನು ಕಮ್ಮಿ ಮಾಡಲ್ಲ" ಎಂದ. ಅವ್ವ ಒಪ್ಪಲಿಲ್ಲ. ಊರ ಹಿರಿಯರು ನಮ್ಮ ಜಗಲಿಯ ಮೇಲೆ ಕೂತು ಒಂದು ತೀರ್ಮಾನಕ್ಕೆ ಬಂದರು. ಒಂದು ವರ್ಷ ಅವ್ವ ನೋಡಿಕೊಳ್ಳಲಿ. ಒಂದು ಅಟ್ಟ ಕೊಬ್ಬರಿ ಕೆಡದ ಹಾಗೆ ಇಳಿಸಿದರೆ ತೋಟ ಅವಳ ಕೈಯಲ್ಲೇ ಇರಲಿ. ಕೆಡಿಸಿದರೆ ಮೈದುನನಿಗೆ ಬಿಟ್ಟುಕೊಡಬೇಕು.

ಉಂಡೆ ಕೊಬ್ಬರಿ ಹೇಗಾಗುತ್ತದೆ ಎಂದು ಬೇರೆ ಕಡೆಯವರಿಗೆ ತಿಳಿದಿರಲಿಕ್ಕಿಲ್ಲ. ಬಲಿತ ಕಾಯಿಗಳನ್ನು ಸುಲಿಯದೆ, ಹೊರಗಿನ ನಾರಿನ ಮಟ್ಟೆ ಸಮೇತ ಮನೆಯ ಅಟ್ಟಕ್ಕೆ ಹಾಕುತ್ತಾರೆ. ಕೆಳಗೆ ಒಲೆಯ ಹೊಗೆ, ಮೇಲೆ ಹೆಂಚಿನ ಬಿಸಿ. ಒಳಗಿನ ನೀರು ತಾನಾಗಿ ಬತ್ತಿ, ತಿರುಳು ಚಿಪ್ಪು ಬಿಟ್ಟು, ಅಲ್ಲಾಡಿಸಿದರೆ ಗುಡುಗುಡು ಎನ್ನಬೇಕು. ಅದಕ್ಕೆ ಹತ್ತಿರ ಹತ್ತಿರ ಒಂದು ವರ್ಷ ಹಿಡಿಯುತ್ತದೆ. ಅಷ್ಟು ದಿನ ಅದಕ್ಕೆ ಒಂದು ತೊಟ್ಟು ನೀರು ಸೋಕಬಾರದು. ಮಟ್ಟೆ ನೀರು ಕುಡಿದರೆ ಒಳಗೆ ಕಪ್ಪಾಗಿ ಕಮಟು ವಾಸನೆ ಹೊಡೆಯುತ್ತದೆ, ದನವೂ ಮೂಸುವುದಿಲ್ಲ. ಮಳೆಗಾಲಕ್ಕೆ ಮುಂಚೆ ಹೆಂಚು ನೋಡಿಸದ ಮನೆ ನಮ್ಮ ಸೀಮೆಯಲ್ಲೇ ಇಲ್ಲ.

ಆ ವರ್ಷ ಅವ್ವ ದುಡಿದದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಸೀರೆ ಎತ್ತಿ ಕಟ್ಟಿ ಕಾಯಿ ಕೀಳಿಸಿದಳು, ನೀರಿನ ಸರದಿಗೆ ಗಂಡಸರ ಜೊತೆ ಜಗಳಕ್ಕೆ ನಿಂತಳು, ಏಣಿ ಹತ್ತಿ ತಾನೇ ಅಟ್ಟ ಜೋಡಿಸಿದಳು. ಊರವರು ಗಂಡುಬೀರಿ ಎಂದರು. ಅನ್ನಲಿ ಎಂದಳು. ನನ್ನ ಗಂಡ ಓದಿದ ದಪ್ಪ ದಪ್ಪ ಪುಸ್ತಕಗಳಲ್ಲಿ ಇಂಥದ್ದಕ್ಕೆ ಏನು ಹೆಸರಿತ್ತೋ ಕಾಣೆ, ಅವನ ಕಣ್ಣಿಗೆ ಮಾತ್ರ ಅದು ಬೀಳಲಿಲ್ಲ.

ಇಷ್ಟು ಜೋರಿನ ಹೆಂಗಸು ಒಬ್ಬನ ಮುಂದೆ ಮಾತ್ರ ಬೆಕ್ಕಿನ ಹಾಗೆ ಆಗುತ್ತಿದ್ದಳು. ಅಳಿಯ. ನಮ್ಮಲ್ಲಿ ಅತ್ತೆಯಾದವಳು ಅಳಿಯನ ಎದುರು ಬಂದು ನಿಲ್ಲುವುದಿಲ್ಲ, ನೇರವಾಗಿ ಮಾತಾಡುವುದಿಲ್ಲ. ಬಾಗಿಲ ಹಿಂದೆ ನಿಂತು ಮಗಳ ಮೂಲಕ ಕೇಳಬೇಕು. ಅವನು ಕೇಳಿದ್ದಕ್ಕೆ ಇಲ್ಲ ಎನ್ನುವ ಹಾಗಿಲ್ಲ, ನಾಲ್ಕು ಜನರೆದುರು ಅವನ ತಪ್ಪು ಎತ್ತುವ ಹಾಗಂತೂ ಇಲ್ಲವೇ ಇಲ್ಲ. ಅಳಿಯನ ಮಾನ ಹೋದರೆ ಮಗಳ ಬಾಳು ಹೋದ ಹಾಗೆ ಎಂಬುದು ಅವಳು ಹುಟ್ಟಿದಾಗಿನಿಂದ ಕೇಳಿಕೊಂಡು ಬಂದದ್ದು. ಊರಿನ ಪದ್ಧತಿಗಳನ್ನೆಲ್ಲ ಗೊಡ್ಡು ಎಂದು ಹೀಗಳೆಯುತ್ತಿದ್ದ ನನ್ನ ಗಂಡ ಈ ಒಂದು ಪದ್ಧತಿಯ ಬಗ್ಗೆ ಯಾವತ್ತೂ ಚಕಾರ ಎತ್ತಲಿಲ್ಲ. ಎಲೆಯ ಮೇಲೆ ಬೀಳುವ ತುಪ್ಪವನ್ನೂ ಬೇಡವೆನ್ನಲಿಲ್ಲ.

ಆ ವರ್ಷದ ಬೇಸಿಗೆ ರಜೆಯಲ್ಲಿ ನಾವು ಊರಿಗೆ ಹೋಗಿದ್ದಾಗ ಅವನ ಲಾರಿ ಗೆಳೆಯ ಕ್ಯಾಮೆರಾ ಹೊಂದಿಸಿಕೊಂಡು ಬಂದ. ಜೊತೆಗೆ ಅದನ್ನು ನಡೆಸಲು ಬೆಂಗಳೂರಿನ ಒಬ್ಬ ಕ್ಯಾಮೆರಾದವನು. ಭ್ರಮನಿರಸನದ ಬಗ್ಗೆ ಸಿನಿಮಾ ತೆಗೆಯಬೇಕೆಂದು ತೀರ್ಮಾನವಾಗಿತ್ತು. ಮಾತಿಲ್ಲ, ಹಾಡಿಲ್ಲ. ಹೆಸರೂ ಇಲ್ಲ. ಹೆಸರಿಡುವುದೇ ಒಂದು ದಬ್ಬಾಳಿಕೆಯಂತೆ. ಕಥೆ ಏನೆಂದರೆ, ಕ್ರಾಂತಿ ಸೋತ ಮೇಲೆ ಕ್ರಾಂತಿಕಾರಿಯೊಬ್ಬ ಕತ್ತಲೆ ಅಟ್ಟದಲ್ಲಿ ಬಂದು ಕೂರುತ್ತಾನೆ. ಅರ್ಧ ಗಡ್ಡ ಬೋಳಿಸಿಕೊಳ್ಳುತ್ತಾನೆ, ಇನ್ನರ್ಧ ಬಿಡುತ್ತಾನೆ. ಹರಿದ ಬಾವುಟವೊಂದನ್ನು ಮಡಚುತ್ತಾನೆ, ಬಿಚ್ಚುತ್ತಾನೆ, ಮತ್ತೆ ಮಡಚುತ್ತಾನೆ. ಸುತ್ತಲಿರುವ ತೆಂಗಿನಕಾಯಿಗಳೇ ಮೂಕ ಜನತೆ. ಸೋತ ಕ್ರಾಂತಿಕಾರಿಯ ಪಾತ್ರ ಲಾರಿ ಗೆಳೆಯನದು. ಹೊಟ್ಟೆ ಕಾಣಬಾರದೆಂದು ಅವನಿಗೆ ಅಪ್ಪನ ಹಳೆಯ ಕಂಬಳಿ ಹೊದಿಸಿದರು.

ಅಟ್ಟದಲ್ಲಿ ಬೆಳಕಿರಲಿಲ್ಲ. ಬಲ್ಬು ಹಾಕಿದರೆ ಕರೆಂಟು ಸಾಲದು. ಮೇಲಿನ ಹೆಂಚು ತೆಗೆಸಿದರೆ ಬಿಸಿಲು ಕಂಬದ ಹಾಗೆ ಒಳಗಿಳಿಯುತ್ತದೆ, ಆ ಬೆಳಕಿನಲ್ಲಿ ಮನುಷ್ಯ ಕೂತರೆ ಅದ್ಭುತವಾಗಿರುತ್ತದೆ ಎಂದು ಕ್ಯಾಮೆರಾದವನು ಹೇಳಿದ. ನನ್ನ ಗಂಡ ನನ್ನನ್ನು ಕರೆದು, "ಅತ್ತೆಗೆ ಹೇಳು, ಸ್ವಲ್ಪ ಹೆಂಚು ತೆಗೀತೀವಿ" ಎಂದ. ಕೇಳು ಎನ್ನಲಿಲ್ಲ, ಹೇಳು ಎಂದ.

ಅಡುಗೆಮನೆಯಲ್ಲಿ ಅವ್ವ ರಾಗಿ ಹಿಟ್ಟು ಜರಡಿ ಹಿಡಿಯುತ್ತಿದ್ದಳು. ವಿಷಯ ಹೇಳಿದೆ.

"ಭರಣಿ ಮಳೆ ಹತ್ರ ಬಂತಲ್ಲೇ" ಎಂದಳು.

"ಬೇಡ ಅಂದುಬಿಡವ್ವ. ನಾನು ಹೇಳ್ತೀನಿ."

"ಸುಮ್ನಿರೇ. ಜೈಲು ಕಂಡು ಬಂದ ಜೀವ, ಮನ್ಸಿಗೆ ಬೇಜಾರಾಗೈತೆ ಅಂತ ನೀನೇ ಅಂತಿದ್ದೆ. ಏನೋ ಒಂದು ಕೆಲ್ಸ ಅಂತ ಹಿಡ್ಕಂಡವ್ರೆ. ಬೇಗ ಮುಚ್ಚಿಸ್ಬುಡಾಕೆ ಹೇಳು."

ಹೆಂಚು ತೆಗೆದರು. ಸಂಜೆಗೆ ಮುಚ್ಚಲಿಲ್ಲ. ಮಾರನೆಯ ದಿನವೂ ಮುಚ್ಚಲಿಲ್ಲ. ಒಂದು ಸಲ ಮುಚ್ಚಿ ತೆಗೆದರೆ ಬೆಳಕು ಮೊದಲಿನ ಜಾಗಕ್ಕೇ ಬೀಳುವುದಿಲ್ಲವಂತೆ. ಅವ್ವ ದಿನವೂ ಬಾಗಿಲ ಸಂದಿಯಿಂದ, "ಅಳಿಯಂದ್ರುನ್ನ ಕೇಳೇ, ಇವತ್ತು ಮುಚ್ಚಿಸ್ಲಾ?" ಎಂದು ಕೇಳಿಸುತ್ತಿದ್ದಳು. "ಇನ್ನೊಂದು ಶಾಟ್ ಇದೆ" ಎಂದು ಉತ್ತರ ಬರುತ್ತಿತ್ತು. ಮೂವರೂ ಹೊತ್ತು ಹೊತ್ತಿಗೆ ಚಕ್ಕುಲಿ, ಕಾಫಿ, ಕೋಡುಬಳೆ ತಿನ್ನುತ್ತಾ ಸೋಲಿನ ಬಗ್ಗೆ ಗಂಭೀರವಾಗಿ ಮಾತಾಡುತ್ತಿದ್ದರು.

ಆ ನಡುವೆ ದಂಡಿನಶಿವರದಲ್ಲಿ ಅವ್ವನ ಅಕ್ಕನ ಮಗಳ ಮದುವೆ ಬಂತು. ಹೋಗದೆ ಇರುವ ಹಾಗಿರಲಿಲ್ಲ. ನಾನೂ ಅವ್ವನೂ ಹೋದೆವು. ಮದುವೆಯ ದಿನ ಮಧ್ಯಾಹ್ನ ಪಂಕ್ತಿಯಲ್ಲಿ ಕೂತಿದ್ದಾಗ ಅವ್ವ ಎಲೆಯ ಮುಂದಿನಿಂದ ಎದ್ದು ಚಪ್ಪರದ ಹೊರಗೆ ಹೋದಳು. ನಾನು ಹಿಂದೆಯೇ ಹೋದೆ.

"ನಮ್ಮೂರ ಕಡೆ ಕರ್ರಗಾಗೈತೆ ಕಣೇ."

"ಮೂರು ಜನ ಗಂಡಸರು ಅಲ್ಲೇ ಇದ್ದಾರಲ್ಲವ್ವ. ಮುಚ್ಚದೆ ಇರ್ತಾರಾ?"

"ಇರ್ತಾರಾ" ಎಂದು ಅವಳೂ ಅಂದಳು. ಆದರೆ ವಾಪಸು ಬಂದು ಎಲೆಯ ಮುಂದೆ ಕೂರಲಿಲ್ಲ.

ಮಾರನೆಯ ದಿನ ಮೊದಲ ಬಸ್ಸಿಗೇ ಬಂದೆವು. ಅಷ್ಟು ಹೊತ್ತಿಗೆ ಹೆಂಚು ಮುಚ್ಚಿತ್ತು. ನಡುಮನೆಯ ನೆಲ ಒದ್ದೆ. ಏಣಿ ಹತ್ತಿದ ಅವ್ವ ಕೆಳಗಿಳಿದು ಬರಲು ಬಹಳ ಹೊತ್ತು ತೆಗೆದುಕೊಂಡಳು. ನನ್ನ ಗಂಡ ಜಗಲಿಯಲ್ಲಿ ತಲೆ ತಗ್ಗಿಸಿ ಕೂತು ನನಗೆ ಹೇಳಿದ: "ನಾವ್ಯಾರೂ ಇರಲಿಲ್ಲ ಕಣೇ. ರೀಲು ಕಳಿಸೋಕೆ ಅಂತ ತಿಪಟೂರಿಗೆ ಹೋಗಿದ್ವಿ. ಬರೋ ಹೊತ್ತಿಗೆ ಮಳೆ ಹುಯ್ದುಬಿಟ್ಟಿತ್ತು. ಬಂದ ತಕ್ಷಣ ಮುಚ್ಚಿದ್ವಿ."

ಬಾಗಿಲ ಹಿಂದೆ ಅವ್ವ ಕೇಳಿಸಿಕೊಂಡಳು. "ಮಳೆ ಬಂದ್ರೆ ಅಳಿಯಂದ್ರು ಏನ್ ಮಾಡಾರು? ಬುಡು" ಎಂದಳು.

ನೆನೆದ ಕಾಯಿಗಳನ್ನು ಇಳಿಸಿ ಅಂಗಳದಲ್ಲಿ ಹರಡಿದೆವು. ಅಂಗಳದಲ್ಲಿ ಹರಡಿದ್ದು ಊರಿಗೆಲ್ಲ ಕಾಣುತ್ತದೆ. ಚಿಕ್ಕಪ್ಪ ಬಂದು ಸೊಂಟದ ಮೇಲೆ ಕೈ ಇಟ್ಟುಕೊಂಡು ನಿಂತ. "ಏನತ್ಗೆ ಇದು?" ಎಂದ. ಅವ್ವ ಅವನ ಮುಖ ನೋಡದೆ, "ಕೋತಿ ಕಣಪ್ಪ. ಹೆಂಚು ಸರಿಸ್ಬುಟ್ಟಿದ್ವು. ಮದ್ವೆಗೆ ಹೋಗಿದ್ವಲ್ಲ, ಗೊತ್ತಾಗ್ನಿಲ್ಲ" ಎಂದಳು. ನಾನು ಬಾಯಿ ತೆರೆದೆ. ಅವ್ವ ನನ್ನನ್ನು ಒಳಗೆ ಎಳೆದುಕೊಂಡು ಹೋಗಿ, ನನ್ನ ಕೈಯನ್ನು ತನ್ನ ತಲೆಯ ಮೇಲೆ ಇಟ್ಟುಕೊಂಡು ಆಣೆ ಹಾಕಿಸಿದಳು. ಹೆಂಚಿನ ವಿಷಯ ಯಾರ ಮುಂದೆಯೂ ಎತ್ತಬಾರದು. ಅವಳು ಬದುಕಿರಬೇಕಾದರೆ ನಾನು ಬಾಯಿ ಮುಚ್ಚಿಕೊಂಡಿರಬೇಕು. ಇದಕ್ಕಿಂತ ಅನ್ಯಾಯದ ಆಣೆ ನನ್ನ ಜನ್ಮದಲ್ಲಿ ಹಾಕಿಲ್ಲ, ಅವತ್ತು ಅವ್ವನ ಮೇಲೂ ನನಗೆ ಕೆಟ್ಟ ಸಿಟ್ಟು ಬಂದಿತ್ತು.

ದಸರೆಯ ಹೊತ್ತಿಗೆ ಅಟ್ಟದಿಂದ ಕಮಟು ವಾಸನೆ ಅಡುಗೆಮನೆಗೆ ಇಳಿಯಿತು. ಸುಲಿದು ನೋಡಿದರೆ ಮುಕ್ಕಾಲು ಪಾಲು ಕಪ್ಪು. ಹಿರಿಯರು ಮತ್ತೆ ಜಗಲಿಯ ಮೇಲೆ ಸೇರಿದರು. ಅಳಿಯನೂ ಇರಲಿ ಎಂದು ನನ್ನ ಗಂಡನಿಗೆ ಹೇಳಿ ಕಳಿಸಿ, ಬಂದವನನ್ನು ಮಂಚದ ಮೇಲೆ ಕೂರಿಸಿದರು. ಅವ್ವ ಬಾಗಿಲ ಪಕ್ಕ ನಿಂತಿದ್ದಳು. ನಾನು ಅವಳ ಹಿಂದೆ.

"ಕೋತಿ ಎಲ್ರ ಮನೆ ಮೇಲೂ ಓಡಾಡ್ತವೆ. ಗಂಡಸು ದಿಕ್ಕಿರೋ ಮನೇಲಿ ಒಂದ್ಸಲನಾದ್ರೂ ಹೆಂಚು ನೋಡಿರೋರು" ಎಂದ ಚಿಕ್ಕಪ್ಪ.

ಒಬ್ಬ ಹಿರಿಯರು ನನ್ನ ಗಂಡನ ಕಡೆ ತಿರುಗಿದರು. "ನೀವು ಓದಿದೋರು, ನಾಲ್ಕು ಕಡೆ ನ್ಯಾಯ ನೀತಿ ಅಂತ ಓಡಾಡಿದೋರು. ನೀವೇನಂತೀರಿ?"

ಅವನು ಹೇಳಬೇಕಾಗಿದ್ದದ್ದು ಒಂದೇ ಒಂದು ಮಾತು. ಹೆಂಚು ತೆಗೆಸಿದ್ದು ನಾನು ಎಂದರೆ ಮುಗಿಯುತ್ತಿತ್ತು. ಅತ್ತೆ ಹೇಳುವ ಹಾಗಿಲ್ಲ, ಅಳಿಯ ಹೇಳಬಹುದು. ಹೇಳಿದ್ದರೆ ಯಾರೂ ಅವನನ್ನು ಬೈಯುತ್ತಿರಲಿಲ್ಲ, ಅಳಿಯನನ್ನು ಬೈಯುವವರು ಯಾರು? ಅವನು ಕಾಫಿ ಲೋಟ ಕೆಳಗಿಟ್ಟು, ಗಡ್ಡ ನೀವಿಕೊಂಡು, ಸೂರು ನೋಡಿದ. ಆಮೇಲೆ, "ಇಂಥದ್ದಕ್ಕೆ ಒಬ್ಬರನ್ನ ಹೊಣೆ ಮಾಡೋದು ಸರಿಯಲ್ಲ. ಇಡೀ ವ್ಯವಸ್ಥೆನೇ ಹೀಗಿದೆ. ತೋಟ ಯಾರು ನೋಡಿಕೊಂಡರೂ ಕೊನೆಗೆ ಎಲ್ಲಾ ಒಂದೇ ಅಲ್ವೇ?" ಎಂದ.

ಹಿರಿಯರು ತಲೆಯಾಡಿಸಿದರು. ಎಷ್ಟು ಸಮಾಧಾನದ ಮನುಷ್ಯ ಎಂದುಕೊಂಡರೋ ಏನೋ. ತೋಟ ಚಿಕ್ಕಪ್ಪನಿಗೆ ಹೋಯಿತು.

ಅವನ ಭ್ರಮನಿರಸನದ ಬೆಲೆ ನನಗೆ ಆ ಜಗಲಿಯ ಮೇಲೆ ಗೊತ್ತಾಯಿತು. ಎಲ್ಲಾ ಒಂದೇ ಎಂದುಬಿಟ್ಟರೆ ಯಾರ ಪರವಾಗಿಯೂ ಬಾಯಿ ಬಿಡಬೇಕಾಗಿಲ್ಲ. ನಾಲ್ಕು ಜನರ ಎದುರು ಮುಜುಗರ ಪಡಬೇಕಾಗಿಲ್ಲ. ಜೈಲಿಗೆ ಹೋದಾಗ ಅವನಿಗೆ ಧೈರ್ಯವಿತ್ತೋ ಇಲ್ಲವೋ ನಾನು ನೋಡಿಲ್ಲ. ಅವತ್ತು ಇರಲಿಲ್ಲ, ಅದನ್ನು ನೋಡಿದ್ದೇನೆ.

ಆಮೇಲೆ ಅವ್ವ ಚಟ್ನಿಗೆ ಒಂದು ಕಾಯಿ ಬೇಕಾದರೂ ಮೈದುನನ ಮನೆಗೆ ಹೋಗಿ ಕೇಳಬೇಕಾಯಿತು. ಒಮ್ಮೆ ನಾನು ಊರಿಗೆ ಹೋಗಿದ್ದಾಗ ಅವಳು ಸಾರಿಗೆ ಕಾಯಿ ಹಾಕಿರಲಿಲ್ಲ. ತೆಂಗಿನ ಸೀಮೆಯಲ್ಲಿ, ಅವಳೇ ನೀರು ಕಟ್ಟಿದ ಮರಗಳು ಹಿತ್ತಲಿನಿಂದ ಕಾಣುತ್ತಿದ್ದ ಮನೆಯಲ್ಲಿ, ಕಾಯಿಲ್ಲದ ಸಾರು ಉಂಡೆ. ನನ್ನ ಗಂಡ ನಾವು ಬಾಡಿಗೆಗಿದ್ದ ತಿಪಟೂರಿನ ರೂಮಿನಲ್ಲಿ ಗೆಲುವಾಗಿದ್ದ. ರೀಲುಗಳನ್ನು ತೊಳೆಸಿ, ಕತ್ತರಿಸಿ, ಅಂಟಿಸುವ ಕೆಲಸಕ್ಕೆ ಬೆಂಗಳೂರಿಗೆ ಓಡಾಡುತ್ತಿದ್ದ. ಭ್ರಮನಿರಸನದ ಸಿನಿಮಾ ಅವನ ಭ್ರಮನಿರಸನವನ್ನು ವಾಸಿ ಮಾಡಿಬಿಟ್ಟಿತ್ತು.

ಸಂಕ್ರಾಂತಿ ಕಳೆದ ಮೇಲೆ ಒಂದು ಭಾನುವಾರ ಮಧ್ಯಾಹ್ನ ಚಿತ್ರವನ್ನು ತಿಪಟೂರಿನಲ್ಲಿ ತೋರಿಸಿದರು. ಒಂದು ಹಾಲ್ ಹಿಡಿದು, ಕಿಟಕಿಗಳಿಗೆ ಕಪ್ಪು ಬಟ್ಟೆ ಕಟ್ಟಿದ್ದರು. ಜುಬ್ಬದವರು, ಲೆಕ್ಚರರುಗಳು, ಬೆಂಗಳೂರಿನಿಂದ ಬಂದ ಒಂದಿಬ್ಬರು ವಿಮರ್ಶಕರು. ಅವ್ವನೂ ಬಂದಿದ್ದಳು. ನಾನು ಬೇಡವೆಂದಿದ್ದೆ. "ಅಟ್ಟ ತುಂಬಿದ್ದಾಗಿಂದು ಒಂದ್ಸಲ ನೋಡ್ಬೇಕು ಕಣೇ. ನನ್ ಕೈಯಾರೆ ಜೋಡ್ಸಿದ್ದು" ಎಂದು ರೇಷ್ಮೆ ಸೀರೆ ಉಟ್ಟುಕೊಂಡು ಬಂದಳು. ಹಿಂದಿನ ಸಾಲಿನಲ್ಲಿ, ಗೋಡೆಯ ಪಕ್ಕ ಕೂತೆವು.

ದೀಪ ಆರಿಸಿದರು. ತೆರೆಯ ಮೇಲೆ ನಮ್ಮ ಅಟ್ಟ ಬಂತು. ಅವ್ವ ನನ್ನ ಕೈ ಹಿಡಿದುಕೊಂಡಳು. ಒಂದರ ಮೇಲೊಂದು ಕಾಯಿ, ಸಾಲು ತಪ್ಪದೆ, ಸೂರಿನವರೆಗೆ. "ಎಷ್ಟು ಚಂದಾಗೈತೆ ನೋಡೇ" ಎಂದು ಪಿಸುಗುಟ್ಟಿದಳು. ಲಾರಿ ಗೆಳೆಯ ಕಂಬಳಿ ಹೊದ್ದು ಬಂದ, ಅರ್ಧ ಗಡ್ಡ ಬೋಳಿಸಿದ, ಬಾವುಟ ಮಡಚಿದ, ಬಿಚ್ಚಿದ. ಅವ್ವನಿಗೆ ಅವನ ಮೇಲೆ ಕಣ್ಣಿರಲಿಲ್ಲ, ಅವನ ಹಿಂದಿನ ಕಾಯಿಗಳನ್ನೇ ನೋಡುತ್ತಿದ್ದಳು.

ಆಮೇಲೆ ಮಳೆ ಬಂತು.

ತೆರೆಯ ಮೇಲೆ, ಹೆಂಚು ತೆಗೆದ ಕಿಂಡಿಯಿಂದ ಮೊದಲು ಹನಿ ಹನಿಯಾಗಿ, ಆಮೇಲೆ ಧೋ ಎಂದು. ಕಾಯಿಗಳ ಮೇಲೆ ನೀರು ಬೀಳುತ್ತಿದೆ, ಮಟ್ಟೆಗಳು ಕಪ್ಪಾಗುತ್ತಿವೆ, ಸಂದಿಗಳಲ್ಲಿ ಹರಿಯುತ್ತಿದೆ. ಚಿತ್ರ ಅಲ್ಲಾಡಲಿಲ್ಲ. ಯಾರೂ ಅಡ್ಡ ಬರಲಿಲ್ಲ. ಎಷ್ಟು ಹೊತ್ತು ತೋರಿಸಿದರೆಂದರೆ ಹಾಲ್‌ನಲ್ಲಿ ಯಾರೋ ಉಸಿರು ಬಿಟ್ಟದ್ದು ಕೇಳಿಸಿತು. ತೆರೆಯ ಮೇಲಿನ ಮೂಲೆಯಲ್ಲಿ ಕಪ್ಪು ಬಟ್ಟೆಯ ಅಂಚು, ಒಂದು ಕಡ್ಡಿಯ ತುದಿ ಆಗಾಗ ಇಣುಕುತ್ತಿದ್ದವು. ಅದರಿಂದಲೂ ನೀರು ತೊಟ್ಟಿಕ್ಕುತ್ತಿತ್ತು.

"ಅದು ನಿಮ್ಮಪ್ಪನ ಕೊಡೆ" ಎಂದಳು ಅವ್ವ.

ನಡುಮನೆಯ ಮೊಳೆಗೆ ನೇತುಹಾಕಿದ್ದ ಕೊಡೆ. ಕ್ಯಾಮೆರಾ ನೆನೆಯಬಾರದೆಂದು ಅದನ್ನು ಅದರ ಮೇಲೆ ಹಿಡಿದಿದ್ದರು. ಅವ್ವನ ಕೈ ನನ್ನ ಕೈಯಿಂದ ಜಾರಿತು.

ದೀಪ ಹಾಕಿದರು. ಚಪ್ಪಾಳೆಯೋ ಚಪ್ಪಾಳೆ. ಬೆಂಗಳೂರಿನ ವಿಮರ್ಶಕರೊಬ್ಬರು ಎದ್ದು, ಆ ಮಳೆಯ ದೃಶ್ಯ ಒಂದೇ ಸಾಕು, ಒಂದು ತಲೆಮಾರಿನ ಕಣ್ಣೀರು ಅದರಲ್ಲಿದೆ ಎಂದರು. ಅದನ್ನು ಹೇಗೆ ಯೋಜಿಸಿದಿರಿ ಎಂದು ಕೇಳಿದರು. ನನ್ನ ಗಂಡ ಮುಂದೆ ಬಂದು ಕೈ ಕಟ್ಟಿಕೊಂಡು ನಿಂತ.

"ಯೋಜನೆ ಏನೂ ಇರಲಿಲ್ಲ. ಇದ್ದಕ್ಕಿದ್ದ ಹಾಗೆ ಮಳೆ ಬಂತು. ಎಲ್ಲಾ ಹಾಳಾಗ್ತಿದೆ ಅಂತ ನಮ್ಮ ಕಣ್ಣಿಗೆ ಕಾಣ್ತಿತ್ತು. ಆದರೂ ಕ್ಯಾಮೆರಾ ನಿಲ್ಲಿಸಬೇಡ ಅಂದೆ. ಏನೂ ಮಾಡಲಾಗದೆ ನೋಡುತ್ತಾ ನಿಂತುಬಿಡೋದೇ ನಮ್ಮ ತಲೆಮಾರಿನ ಸ್ಥಿತಿ ಅಲ್ವೇ?"

ಮತ್ತೆ ಚಪ್ಪಾಳೆ. ಆ ಚಪ್ಪಾಳೆ ನಿಲ್ಲುವ ಮೊದಲೇ ಅವ್ವ ಎದ್ದು ನಿಂತಳು. ತಲೆಯ ಮೇಲೆ ಸೆರಗಿತ್ತು. ಮದುವೆಯಾದಾಗಿನಿಂದ ಅವನ ಮುಖ ನೋಡಿ ಒಂದು ಮಾತಾಡಿರದಿದ್ದ ಅವ್ವ, ಅಷ್ಟು ಜನರ ತಲೆಗಳ ಮೇಲಿಂದ ಅವನನ್ನೇ ನೋಡುತ್ತಾ ಕೇಳಿದಳು:

"ಅಳಿಯಂದ್ರೇ, ಅವತ್ತು ನೀವು ಅಲ್ಲೇ ಇದ್ರಾ?"

ಎಲ್ಲರೂ ಹಿಂದಕ್ಕೆ ತಿರುಗಿದರು. ಯಾರೋ ಕಿಸಕ್ಕೆಂದರು. ಅವನು ನಗಲು ಪ್ರಯತ್ನಿಸಿ, "ಅತ್ತೆ, ಅದನ್ನ ಹಾಗೆ ನೋಡಬಾರದು. ಅದೊಂದು ರೂಪಕ" ಎಂದ.

"ಇದ್ರಾ, ಇಲ್ವಾ? ಅಷ್ಟು ಹೇಳಿ."

ಅವನು ಲಾರಿ ಗೆಳೆಯನ ಕಡೆ ನೋಡಿದ. ಕ್ರಾಂತಿಕಾರಿ ತನ್ನ ಚಪ್ಪಲಿ ನೋಡಿಕೊಳ್ಳುತ್ತಿದ್ದ.

"ಇದ್ದೆ" ಎಂದ.

"ಸರಿ" ಎಂದು ಅವ್ವ ಬಾಗಿಲ ಕಡೆ ನಡೆದಳು. ನಾನೂ ಅವಳ ಹಿಂದೆ ಹೋದೆ. ನೇರವಾಗಿ ಬಸ್ ಸ್ಟ್ಯಾಂಡಿಗೆ ಬಂದೆವು. ನೊಣವಿನಕೆರೆ ಬಸ್ಸು ಬಂದು ನಿಂತಾಗ ಫುಟ್‌ಬೋರ್ಡಿನ ಮೇಲೆ ಒಂದು ಕಾಲಿಟ್ಟು ತಿರುಗಿ, "ನೀನು ಎಲ್ಲಿಗೆ?" ಎಂದು ಕೇಳಿದಳು. ಮನೆಗೆ ಎಂದೆ. ಯಾವ ಮನೆಗೆ ಎಂದು ಅವಳು ಕೇಳಲಿಲ್ಲ. ನಾನು ಅವಳ ಹಿಂದೆಯೇ ಹತ್ತಿ ಅವಳ ಪಕ್ಕ ಕೂತೆ. ರೂಮಿನಲ್ಲಿದ್ದ ನನ್ನ ಬಟ್ಟೆಬರೆ ಆಮೇಲೆ ಯಾವಾಗಲೋ ಬಂತು.

ತೋಟ ಅವ್ವನ ಕೈಗೆ ಮರಳಿ ಬರಲು ಇನ್ನೊಂದು ವರ್ಷ ಜಗಳವಾಡಬೇಕಾಯಿತು, ಹಿರಿಯರನ್ನು ಮತ್ತೆ ಮತ್ತೆ ಕೂರಿಸಬೇಕಾಯಿತು. ಬಂದದ್ದಂತೂ ಬಂತು. ಸಾಯುವವರೆಗೆ ಅವಳೇ ನೋಡಿಕೊಂಡಳು. ಆ ಜಗಳ ಶುರುವಾದದ್ದು ಚಿತ್ರ ನೋಡಿ ಬಂದ ಮಾರನೆಯ ಬೆಳಿಗ್ಗೆ. ಕಸ ಗುಡಿಸಿ, ನೀರು ಹಾಕಿ, ಹಣೆಗೆ ವಿಭೂತಿ ಇಟ್ಟುಕೊಂಡು ಅವ್ವ ಚಿಕ್ಕಪ್ಪನ ಮನೆಗೆ ಹೊರಟಳು. ನನ್ನನ್ನೂ ಕರೆದುಕೊಂಡಳು. ಚಿಕ್ಕಪ್ಪ ಜಗಲಿಯಲ್ಲಿ ಕೂತು ಕಾಫಿ ಕುಡಿಯುತ್ತಿದ್ದ. ಕಾಯಿ ಕೇಳಲು ಬಂದಿದ್ದಾಳೆಂದು ತಿಳಿದು, "ತಡೀರಿ ಅತ್ಗೆ, ಒಳಗೆ ಹೇಳ್ತೀನಿ" ಎಂದ.

"ಕಾಯಿ ಬ್ಯಾಡ ಕಣಪ್ಪ. ಹೆಂಚು ತೆಗ್ದಿದ್ದು ಕೋತಿ ಅಲ್ಲ. ನನ್ನಳಿಯ. ಮಳೆ ಹುಯ್ತಿದ್ರೂ ಮುಚ್ಚದೆ ನೋಡ್ತಾ ನಿಂತಿದ್ದ. ನಾನು ಅಟ್ಟ ಕೆಡಿಸ್ನಿಲ್ಲ. ನನ್ ತೋಟ ನಂಗೆ ಬುಡು."

ಚಿಕ್ಕಪ್ಪ ಲೋಟ ಕೆಳಗಿಟ್ಟು ಅವಳನ್ನೂ ನನ್ನನ್ನೂ ನೋಡಿದ. "ಅಂಗಾರೆ ಅವತ್ತು ಅಷ್ಟು ಜನದ ಮುಂದೆ ಯಾಕ್ ಹೇಳ್ನಿಲ್ಲ?"

"ಅವತ್ತು ನನ್ ಮಗಳಿಗೆ ಗಂಡ ಇದ್ದ" ಎಂದಳು ಅವ್ವ.